ಕಾಪೆಲ್‌ಗೆ ಬಂದ ಗದಗಿನ ನರಿ

ಇವತ್ತು ಗ್ಯಾರೇಜಿನ ಬಾಗಿಲೆತ್ತಿದಾಗ ಬಂದ ಟೈರಿನ ವಾಸನೆಗೆ ಅಮೆರಿಕದ ಕಾಪೆಲ್ ಊರಿನ ನನ್ನ ಮೊದಲ ಕನ್ನಡ ಕ್ಲಾಸು ನೆನಪಾಯಿತು. ಗದಗಿನ ಹತ್ತಿರದ ಹಳ್ಳಿಯಿಂದ ಆಗಷ್ಟೇ ಬಂದಿದ್ದೆ. ಮೈಸೂರಿನ ಆಂಟಿಯೊಬ್ಬರು ತಮ್ಮ ಗ್ಯಾರೇಜಿನಲ್ಲಿ ಮಕ್ಕಳಿಗೆ ಕಲಿಸುತ್ತಿದ್ದರು.

"ಅವರ ಮುಂದ ನಮ್ಮ ಮಾತು ಆಡಬ್ಯಾಡ, ನಗ್ತಾರ," ಎಂದು ಅವ್ವ ಎಚ್ಚರಿಸಿದ್ದಳು.

ಆಂಟಿ ಕಥೆ ಹೇಳು ಅಂದರು. ನನಗೆ ಬರುತ್ತಿದ್ದುದು ನಮ್ಮೂರ ನರಿಯ ಕಥೆ; ಆ ನರಿಗೆ ಮೈಸೂರು ಕನ್ನಡ ಬರುತ್ತಿರಲಿಲ್ಲ. "ಹುಲಿಯಪ್ಪಾರ, ನನ್ನ ತಿನ್ನಬ್ಯಾಡ್ರಿ, ನಾ ಭಾಳ ಸಣ್ಣಾಂವ ಅದೀನ್ರಿ!" ಮಕ್ಕಳು ಬಿದ್ದುಬಿದ್ದು ನಕ್ಕರು.

ಸಂಜೆ ಆಂಟಿ ಅವ್ವನಿಗೆ ಫೋನ್ ಮಾಡಿದರು. "ನಿಮ್ಮ ಹುಡುಗ ಏನ್ ಕಲಿಸಿದ್ದಾನೆ ಗೊತ್ತಾ? ನನ್ನ ಮಗ ಊಟಕ್ಕೆ ಕೂತು 'ಮಮ್ಮಿ, ಅನ್ನ ಹಾಕ್ರಿ' ಅಂತಾನೆ!"

ಅವ್ವ ಫೋನಿಗೇ ಕೈಮುಗಿದಳು. "ತಪ್ಪಾತ್ರಿ, ಇನ್ನ ಅವನ್ನ ಕಳಸೂದಿಲ್ರಿ."

"ಅಯ್ಯೋ, ಕಳಿಸಿ! ಅವನು ಹುಟ್ಟಿದಾಗಿಂದ ಕನ್ನಡದಲ್ಲಿ ಅನ್ನ ಕೇಳಿದ್ದು ಇವತ್ತೇ ಮೊದಲು."

ಆ ಮಗನಿಗೆ ಈಗ ಮದುವೆಯಾಗಿದೆ. ಮೈಸೂರಿನ ಅವನ ಅತ್ತೆ ತಮ್ಮ ಅಳಿಯ ಗದಗಿನವನೆಂದೇ ನಂಬಿದ್ದಾರೆ.