ಬಾವಿಯ ಮೀನಿಗೆ ಲಾರಿ ನೀರು

ನಲ್ಲಿ ತಿರುಗಿಸಿದಾಗ ಬ್ಲೀಚಿಂಗ್ ಪುಡಿಯ ವಾಸನೆ ಮೂಗಿಗೆ ಬಡಿದರೆ ನನಗೆ ಈಗಲೂ ತಮಿಳು ಸೀಮೆಯ ಮಾಧವರಂನ ನಮ್ಮ ಮನೆಯ ಬಾವಿ, ಅದರ ಮೀನುಗಳು ನೆನಪಾಗುತ್ತವೆ. ಬಾವಿಯಿದ್ದ ಮನೆಯಲ್ಲಿ ಬೆಳೆದಿದ್ದರೆ ನಿಮಗೂ ಇದು ಅರ್ಥವಾದೀತು. ಹಿತ್ತಲಿನಾಚೆ ಕೆರೆಗೆ ಹೋಗುವ ಒಂದು ಕಾಲುವೆ ಇತ್ತು. ದೀಪಾವಳಿಯ ಮಳೆ ಹಿಡಿದಾಗ ಹೊಸನೀರಿಗೆ ಎದುರಾಗಿ ಕಿರುಬೆರಳಿನಷ್ಟು ಮೀನುಗಳು ಏರಿ ಬರುತ್ತಿದ್ದವು; ಬೆಳ್ಳಿಯ ಮೈ, ಬಾಲದ ಬುಡದಲ್ಲಿ ಒಂದು ಕಪ್ಪು ಚುಕ್ಕೆ. ಹುಲ್ಲಿನ ಮರೆಯ ತಿಳಿನೀರಿನಲ್ಲಿ ಎಲ್ಲವೂ ಒಂದೇ ದಿಕ್ಕಿಗೆ ಮುಖಮಾಡಿ ನಿಂತಿರುತ್ತಿದ್ದವು, ನಮ್ಮ ನೆರಳು ಬಿದ್ದರೆ ಒಟ್ಟಿಗೇ ಮಾಯ. ಮೀನನ್ನು ಬಾಯಿಗಿಡದ ನಮ್ಮ ಅಜ್ಜಿ, ಅಪ್ಪನ ತಾಯಿ, ಪ್ರತಿ ವರ್ಷ ಹಳೆಯ ಸೀರೆಯ ತುಂಡನ್ನು ನೀರಿಗೆ ಒಡ್ಡಿ ನಾಲ್ಕಾರು ಮೀನು ಹಿಡಿದು ತಂದು ಬಾವಿಗೆ ಬಿಡುತ್ತಿದ್ದಳು. ಅವು ಸೊಳ್ಳೆಮರಿ ತಿನ್ನುತ್ತವೆ ಎಂಬುದು ನೆಪ. ದೇವರ ನೈವೇದ್ಯವಾದ ಮೇಲೆ ನಮ್ಮ ಎಲೆಗೆ ಬಡಿಸುವ ಮೊದಲೇ ಒಂದು ಹಿಡಿ ಅನ್ನ ಬಾವಿಗೆ ಹೋಗುತ್ತಿತ್ತು. ಮಡಿನೀರಿನ ಕೊಡವನ್ನು ನಾನು ಮುಟ್ಟಿದರೆ ಸೂರು ಹಾರಿಹೋಗುವಂತೆ ಕೂಗಾಡುತ್ತಿದ್ದವಳಿಗೆ, ಆ ನೀರಿನಲ್ಲೇ ಹಗಲಿರುಳು ಬಿದ್ದಿರುವ ಮೀನುಗಳಿಂದ ಮೈಲಿಗೆಯಿರಲಿಲ್ಲ. ಕೇಳಿದರೆ, “ಅವೇನು ನಿನ್ ಹಾಗೆ ಬಸ್ಸಲ್ಲಿ ಊರೆಲ್ಲಾ ಸುತ್ತಿ ಬರ್ತಾವಾ?” ಎನ್ನುತ್ತಿದ್ದಳು.

ಇಸವಿ ಎರಡು ಸಾವಿರ ದಾಟಿದ ಮೇಲೆ ಮಳೆ ಕೈಕೊಟ್ಟಿತು. ಕಾಲುವೆ ಒಣಗಿ, ಅದರೊಳಗೆ ಮನೆ ಕಟ್ಟುವವರ ಜಲ್ಲಿ ಬಂದು ಬಿತ್ತು. ಬಾವಿ ತಳ ಕಂಡ ದಿನ ಅಪ್ಪ ಆಫೀಸಿಗೆ ಹೊರಡುವ ಮೊದಲು ಕೆಳಗಿಳಿದು, ಕೆಸರಿನಲ್ಲಿ ಬಾಯಿ ಬಿಡುತ್ತಿದ್ದ ಮೀನುಗಳನ್ನು ಬಕೆಟ್ಟಿನಲ್ಲಿ ಮೇಲಕ್ಕೆ ತಂದರು. ಕಾಲುವೆಯಿಂದ ಇನ್ನು ಬೇರೆ ಮೀನು ಬರುವಂತಿರಲಿಲ್ಲ. ಮಳೆ ಬರುವವರೆಗೆ ಇವನ್ನು ಉಳಿಸಿಕೊಳ್ಳಲೇಬೇಕೆಂದು ಅಜ್ಜಿ ಹಠ ಹಿಡಿದು, ಬಟ್ಟೆ ಒಗೆಯುವ ತೊಟ್ಟಿಯನ್ನು ತಾನೇ ತಿಕ್ಕಿ ತೊಳೆದಳು. ಬಕೆಟ್ಟಿನ ಕೆಸರುನೀರನ್ನು ಚೆಲ್ಲಿದಳು. ಬೀದಿಗೆ ಬರುವ ತಣ್ಣಿ ಲಾರಿಯ, ಅಂದರೆ ನೀರಿನ ಟ್ಯಾಂಕರಿನ, ಮುಂದೆ ಅಮ್ಮ ನಿಂತು ಹಿಡಿದು ತಂದಿದ್ದ ಕುಡಿಯುವ ನೀರನ್ನು ತೋರಿಸಿ ಅಜ್ಜಿ ನನಗೆ ಹೇಳಿದಳು: “ನಮಗೆ ಬೋರಿನ ಉಪ್ಪುನೀರಾದ್ರೂ ನಡೆಯತ್ತೆ. ಪಾವಂ, ಪಾಪ ಅವಕ್ಕೆ ತಣ್ಣಿ ಲಾರಿ ನೀರೇ ಹಾಕೋಣ.” ಮಧ್ಯಾಹ್ನದ ಹೊತ್ತಿಗೆ ಮೀನುಗಳು ಮೇಲೆ ಬಂದು ಒದ್ದಾಡತೊಡಗಿದವು. ನೀರು ಸಾಲದೇನೋ ಎಂದು ಅಡುಗೆಮನೆಯಲ್ಲಿ ಉಳಿದಿದ್ದ ಕೊಡವನ್ನೂ ತಂದು ಸುರಿದಳು. ದೀಪ ಹಚ್ಚುವ ಹೊತ್ತಿಗೆ ಒಂದೂ ಉಳಿದಿರಲಿಲ್ಲ.

ಅಪ್ಪ ಬಂದವರೇ ತೊಟ್ಟಿಯ ಮೇಲೆ ಬಗ್ಗಿ ಮೂಸಿದರು. ಲಾರಿ ನೀರಿಗೆ ಹಾಕುವ ಬ್ಲೀಚಿಂಗ್ ಪುಡಿ ಮೀನಿಗೆ ವಿಷವೆಂದು ಅವರಿಗೆ ಗೊತ್ತಿತ್ತು. ನನ್ನ ಕಡೆ ನೋಡಿ, ಸುಮ್ಮನಿರು ಎಂದು ಕಣ್ಣಲ್ಲೇ ಹೇಳಿದರು. “ಬಿಸಿಲಮ್ಮಾ. ಈ ವೆಯಿಲಿಗೆ ಮನುಷ್ಯರೇ ತಡಕೊಳ್ಳಲ್ಲ, ಅವೇನು ಮಾಡ್ತಾವೆ” ಎಂದರು. ಅಜ್ಜಿ ತಲೆಯ ಮೇಲೆ ನೀರು ಹೊಯ್ದುಕೊಂಡು ಬಂದು, ಊಟ ಬೇಡವೆಂದು ಮಲಗಿದಳು.

ಆಮೇಲೆ ಧಾರಾಳ ಮಳೆಯಾಗಿ ಬಾವಿ ತುಂಬಿತು, ಆದರೆ ಕಾಲುವೆ ಅಷ್ಟರಲ್ಲಿ ಸಿಮೆಂಟಿನ ಚರಂಡಿಯಾಗಿತ್ತು. ಬೇಸಿಗೆ ಬಂದಾಗಲೆಲ್ಲ ಅಜ್ಜಿ, “ಆ ವೆಯಿಲು ಒಂದು ಇಲ್ದಿದ್ರೆ ಉಳಿಸ್ಕೋತಿದ್ದೆ” ಎನ್ನುತ್ತಿದ್ದಳು. ಅಪ್ಪ ಪ್ರತಿ ಸಲವೂ ಹೌದಮ್ಮಾ ಎನ್ನುತ್ತಿದ್ದರು, ನಾನೂ ಹೂಂಗುಟ್ಟುತ್ತಿದ್ದೆ. ಈಗ ಇಬ್ಬರೂ ಇಲ್ಲ. ಬಾವಿ ಮುಚ್ಚಿ ಫ್ಲ್ಯಾಟು ಕಟ್ಟಿದ್ದಾರೆ. ತಾನು ಕುಡಿಯದೆ ಎರೆದ ನೀರೇ ಅವನ್ನು ಕೊಂದಿತೆಂದು ತಿಳಿಯದೆಯೇ ಅಜ್ಜಿ ಹೋದಳು. ಅಷ್ಟಾದರೂ ನಮ್ಮಿಂದ ಆಯಿತು.