ಇಪ್ಪತ್ತೆರಡು ಗಾಡಿಗಳ ನಾಡಿ ಹಿಡಿದ ಪಂಚಶೀಲಾ

ಬೆಳಗಿನ ಐದೂವರೆ. ಗಾಣಗಾಪುರದ ಕ್ರೂಸರ್ ಸ್ಟ್ಯಾಂಡಿನಲ್ಲಿ ಚಹಾದಂಗಡಿಯ ಒಲೆ ಇನ್ನೂ ಹೊತ್ತಿಲ್ಲ. ಸಾಲಾಗಿ ನಿಂತ ಗಾಡಿಗಳಲ್ಲಿ ಮೂರನೆಯದರ ಮುಂಬಾಗಿಲು ತೆರೆದಿದೆ. ಅರ್ಧ ಒಳಗೆ, ಅರ್ಧ ಹೊರಗೆ ಬಗ್ಗಿ ನಿಂತ ಹೆಣ್ಣುಮಗಳೊಬ್ಬರು ಈಗಷ್ಟೇ ಕಿತ್ತ ಮೊಬೈಲ್ ಚಾರ್ಜರನ್ನು ಮುಷ್ಟಿಯಲ್ಲಿ ಹಿಡಿದು ಹತ್ತರವರೆಗೆ ಎಣಿಸುತ್ತಿದ್ದಾರೆ. ಏಳಕ್ಕೇ ಕೈ ಸುಟ್ಟು ಬಿಟ್ಟುಬಿಡುತ್ತಾರೆ. ಚಾರ್ಜರ್ ನಪಾಸು. ಹೊಸದೆಂದು ನಿನ್ನೆಯಷ್ಟೇ ಸಂತೆಯಲ್ಲಿ ಕೊಂಡಿದ್ದ ಡ್ರೈವರನ ಮುಖ ಸಣ್ಣಗಾಗುತ್ತದೆ.

ಪಂಚಶೀಲಾ ಅವರದು ಕಾರು, ಜೀಪು, ಟೆಂಪೊಗಳಿಗೆ ಮೊಬೈಲ್ ಚಾರ್ಜರ್ ಮಾರುವ ಉದ್ಯೋಗ. ಅಂಗಡಿ ಎಂದರೆ ಬೇವಿನ ಮರದ ಕೆಳಗೊಂದು ತಗಡಿನ ಪೆಟ್ಟಿಗೆ, ಮೇಲೊಂದು ಛತ್ರಿ. ಆದರೆ ಇಲ್ಲಿ ರೊಕ್ಕ ಕೊಟ್ಟ ಮಾತ್ರಕ್ಕೆ ಸಾಮಾನು ಸಿಗುವುದಿಲ್ಲ. ಮೊದಲು ಮೂರು ಪ್ರಶ್ನೆಗೆ ಉತ್ತರ ಹೇಳಬೇಕು. ಗಾಡಿ ಯಾವುದು, ಒಂದೇ ಹೊತ್ತಿಗೆ ಎಷ್ಟು ಫೋನು ಹಚ್ಚುತ್ತೀರಿ, ಯಾವ ದಾರಿಯಲ್ಲಿ ಓಡಾಡುತ್ತೀರಿ. ಮೂರನೆಯದನ್ನು ಕೇಳಿ ಹೊಸಬರು ನಗುತ್ತಾರೆ. ಆಳಂದ ದಾಟಿ ಹಿರೋಳ್ಳಿ ಕಡೆಗೆ ಹೋಗುವವರು ಮಾತ್ರ ನಗುವುದಿಲ್ಲ. ಗಡಿಯಲ್ಲಿ ಫೋನು ಈ ರಾಜ್ಯದ ಸಿಗ್ನಲ್ಲೋ ಆ ರಾಜ್ಯದ್ದೋ ಎಂದು ಹುಡುಕಾಡಿ ಬ್ಯಾಟರಿಯನ್ನು ನುಂಗಿಹಾಕುವುದು ಅವರಿಗೆ ಗೊತ್ತು. ಅಂಥವರಿಗೇ ಜೋರಾಗಿ ಹತ್ತುವ ಚಾರ್ಜರ್ ಬೇಕು. ಊರೊಳಗೆ ತಿರುಗುವವರಿಗೆ ಸಾದಾ ಇದ್ದರೂ ನಡೆಯುತ್ತದೆ.

"ಡಬ್ಬಿ ಮ್ಯಾಲ ನೂರಿಪ್ಪತ್ತು ವ್ಯಾಟ್ ಅಂತ ಬರದಿರ್ತಾರ್ರಿ. ಬರಿಲಾಕೇನು, ಶಾಯಿ ಸಸ್ತಾ ಅದ. ಮೀಟರಿಗಿ ಹಚ್ಚಿದ್ರ ಎಂಟಕ್ಕ ನಿಂತುಬಿಡ್ತದ," ಎನ್ನುತ್ತಾರೆ, ಬೆರಳುದ್ದದ ತಮ್ಮ ಮೀಟರನ್ನು ಸೆರಗಿನಲ್ಲಿ ಒರೆಸುತ್ತ. ಎರಡು ತೂತಿರುವ ಚಾರ್ಜರಿನಲ್ಲಿ ಬರೆದಿರುವುದು ಎರಡರ ಒಟ್ಟು ಲೆಕ್ಕ. ಎರಡು ಫೋನು ಹಚ್ಚಿದರೆ ಪಾಲಾಗುತ್ತದೆ. ಹದಿನೆಂಟೇ ಉಣ್ಣುವ ಫೋನಿಗೆ ಅರವತ್ತು ಬಡಿಸಿದರೆ ಉಳಿದದ್ದು ದಂಡ. ಆದ್ದರಿಂದ ನಾಲ್ಕುನೂರು ರೂಪಾಯಿಯ ಒಳಗೆ ಒಳ್ಳೆಯದು ಬೇಕೆಂದರೆ ದೊಡ್ಡ ಅಂಕಿಯ ಬೆನ್ನು ಹತ್ತಬಾರದು, ಫೋನಿನ ಹಸಿವು ಎಷ್ಟೆಂದು ತಿಳಿದುಕೊಳ್ಳಬೇಕು ಎಂಬುದು ಅವರ ಪಾಠ.

ಜೇವರ್ಗಿ ತಾಲ್ಲೂಕಿನ ಕೊಳಕೂರ ಅವರ ತವರು. ಜೇವರ್ಗಿಯಲ್ಲಿ ಐಟಿಐ ಎಲೆಕ್ಟ್ರಿಷಿಯನ್ ಕಲಿಯುವಾಗ ತರಗತಿಗೆ ಅವರೊಬ್ಬರೇ ಹುಡುಗಿ. ಮದುವೆಯಾದ ಮೇಲೆ ವೈರು, ಟೆಸ್ಟರು ಎಲ್ಲ ಅಟ್ಟ ಸೇರಿದವು. ಗಂಡ ಧಮ್ಮಪಾಲ ಅಫಜಲಪುರದಲ್ಲಿ ಬಾಡಿಗೆ ಟೆಂಪೊ ಓಡಿಸುವವರು. ಒಂದೇ ವರ್ಷದಲ್ಲಿ ಅವರು ನಾಲ್ಕು ಚಾರ್ಜರ್ ಕೊಂಡು ನಾಲ್ಕೂ ಕೆಟ್ಟಾಗ ಪಂಚಶೀಲಾ ಅಡುಗೆಮನೆಯ ನೆಲದ ಮೇಲೆ ಅವನ್ನು ಬಿಚ್ಚಿ ಹರವಿದರು. ಎರಡರಲ್ಲಿ ಕೈಗೆ ಭಾರ ಹತ್ತಲೆಂದು ಕಬ್ಬಿಣದ ತುಂಡು ತುರುಕಿದ್ದರು. ಆ ಕಬ್ಬಿಣ ಕಂಡು ಬಂದ ಸಿಟ್ಟೇ ತಮ್ಮನ್ನು ಈ ಉದ್ಯೋಗಕ್ಕೆ ತಂದಿತು ಎನ್ನುತ್ತಾರೆ. ಧಮ್ಮಪಾಲ ಬೇರೆ ಹೇಳುತ್ತಾರೆ, ತಾವು ಮೋಸ ಹೋಗದಿದ್ದರೆ ಹೆಂಡತಿಗೆ ಈ ದಾರಿ ಎಲ್ಲಿ ಕಾಣುತ್ತಿತ್ತು ಎಂದು.

ಆರು ವರ್ಷದ ಹಿಂದೆ ಪೆಟ್ಟಿಗೆ ಇಟ್ಟ ದಿನಗಳು ಸಲೀಸಾಗಿರಲಿಲ್ಲ. ಬೌದ್ಧ ಮನೆತನದ ಹೆಣ್ಣುಮಗಳು ಎಂಬುದು ಸ್ಟ್ಯಾಂಡಿಗೆಲ್ಲ ಗೊತ್ತು. ಗಾಡಿಯಲ್ಲಿ ದೇವರ ಫೋಟೊ ಇದೆ, ಒಳಗೆ ಹತ್ತುವುದು ಬೇಡ, ಹೊರಗಿನಿಂದಲೇ ಕೊಡು ಎಂದು ಕೆಲವರು ಬಾಯಿಬಿಟ್ಟು ಹೇಳಿದ್ದುಂಟು. ಪರೀಕ್ಷೆ ಮಾಡದೆ ಮಾರುವುದಿಲ್ಲವೆಂದು ಇವರೂ ಹಟ ಹಿಡಿದರು. ಬಹಳ ದಿನ ಖಾಲಿ ಕೈಯಲ್ಲಿ ಮನೆಗೆ ಹೋದರು. ಈಗಲೂ ದಿನಕ್ಕೆ ಹತ್ತು ಜನ ಬಂದರೆ ಕೊಳ್ಳುವವರು ಮೂವರು. ಉಳಿದವರಿಗೆ ಇದ್ದದ್ದರಲ್ಲೇ ನಡೆಯುತ್ತದೆಂದು ಅವರೇ ಹೇಳಿ ಕಳಿಸುತ್ತಾರೆ. ಈ ಗುಣವೇ ಕಳೆದ ತಿಂಗಳು ಅವರನ್ನು ಇಕ್ಕಟ್ಟಿಗೆ ನೂಕಿತು.

ಹುಣ್ಣಿಮೆಗೆ ಬರುವ ಯಾತ್ರಿಕರನ್ನು ರೈಲು ನಿಲ್ದಾಣದಿಂದ ಗುಡಿಗೆ ಕರೆತರುವ ಕೆಲಸವನ್ನು ಹೊರಗಿನ ಟ್ರಾವೆಲ್ಸ್ ಒಂದು ಈ ಸ್ಟ್ಯಾಂಡಿನ ಇಪ್ಪತ್ತೆರಡು ಕ್ರೂಸರ್‌ಗಳಿಗೆ ಕೊಡಲು ಒಪ್ಪಿತ್ತು. ಷರತ್ತು ಒಂದೇ. ಪ್ರತಿ ಗಾಡಿಯ ಫೋನು ದಿನವಿಡೀ ಚಾಲೂ ಇರಬೇಕು, ಗಾಡಿ ಎಲ್ಲಿದೆ ಎಂಬುದು ಅವರ ನಕ್ಷೆಯಲ್ಲಿ ಕಾಣಬೇಕು. ಎರಡು ಸಲ ಮರೆಯಾದ ಗಾಡಿ ಪಟ್ಟಿಯಿಂದ ಹೊರಗೆ. ಡ್ರೈವರುಗಳ ಸಂಘದ ಹಿರಿಯ ಮಲ್ಲಣ್ಣ ಪಂಚಶೀಲಾ ಅವರಿಗೆ ಇಪ್ಪತ್ತೆರಡು ಚಾರ್ಜರಿಗೆ ಆರ್ಡರ್ ಹೇಳಿದರು. ಅಷ್ಟು ದೊಡ್ಡ ಆರ್ಡರನ್ನು ಅವರು ಅದುವರೆಗೆ ಕಂಡಿರಲಿಲ್ಲ. ಸ್ಟ್ಯಾಂಡಿನ ಎದುರು ಅಣ್ಣಾರಾಯರ ಖೋಲಿಯೊಂದು ಖಾಲಿ ಇತ್ತು, ಶಟರ್ ಇರುವ ಖೋಲಿ. ಈ ಲಾಭ ಕೈಗೆ ಬಂದರೆ ಮುಂಗಡ ಕೊಟ್ಟು ಮಳೆ ಬಿಸಿಲಿನ ಕಾಟ ಮುಗಿಸಬಹುದಿತ್ತು. ಧಮ್ಮಪಾಲ ಆಗಲೇ ಹೋಗಿ ಗೋಡೆಗೆ ಎಷ್ಟು ಹಲಗೆ ಹಿಡಿಯುತ್ತದೆಂದು ಅಳತೆ ತೆಗೆದುಕೊಂಡು ಬಂದಿದ್ದರು.

ಹೊಸದನ್ನು ಹಾಕುವ ಮೊದಲು ಹಳೆಯದು ಯಾಕೆ ಹತ್ತುತ್ತಿಲ್ಲ ಎಂದು ನೋಡುವುದು ಪಂಚಶೀಲಾ ಅವರ ಪದ್ಧತಿ. ಮಲ್ಲಣ್ಣನವರ ಗಾಡಿಯಲ್ಲಿ ಮೀಟರು ನಾಲ್ಕು, ಸೊನ್ನೆ, ಮತ್ತೆ ಐದು ಎಂದು ಕುಣಿಯಿತು. ಫ್ಯೂಸ್ ಕಿತ್ತಿಟ್ಟು, ಚಾರ್ಜರ್ ಸಿಕ್ಕಿಸುವ ತೂತಿಗೆ ಟಾರ್ಚ್ ಬಿಟ್ಟು ನೋಡಿದರು. ಒಳಗೆ ಬೆರಳ ಗೆಣ್ಣಿನಷ್ಟು ಬೂದಿ, ಕುಂಕುಮ, ಅರ್ಧ ಸುಟ್ಟ ಊದಿನಕಡ್ಡಿಯ ತುಂಡುಗಳು. ಸಿಗರೇಟು ಹೊತ್ತಿಸುವ ಗುಂಡಿ ಎಂದೋ ಕಳೆದುಹೋಗಿ ದೇವರ ಫೋಟೊದ ಕೆಳಗೇ ಉಳಿದ ಆ ತೂತು ಊದಿನಕಡ್ಡಿ ಸಿಗಿಸಲು ಹೇಳಿ ಮಾಡಿಸಿದಂತಿತ್ತು. ಮೊದಲ ಟ್ರಿಪ್ಪಿಗೆ ಮುಂಚೆ ಗಾಡಿ ಪೂಜೆ ಮಾಡದ ಡ್ರೈವರು ಈ ಸ್ಟ್ಯಾಂಡಿನಲ್ಲಿ ಅಪರೂಪ. ಕಡ್ಡಿ ಆರಿದ ಮೇಲೆ ಅದೇ ತೂತಿಗೆ ಚಾರ್ಜರು. ಇಪ್ಪತ್ತೆರಡರಲ್ಲಿ ಹದಿಮೂರು ಗಾಡಿಗಳ ಕಥೆ ಇದೇ ಆಗಿತ್ತು. ಅವರಿಗೆ ಹೊಸ ಚಾರ್ಜರ್ ಬೇಕಿರಲಿಲ್ಲ, ಬೂದಿ ತೆಗೆಯುವವರು ಬೇಕಿತ್ತು.

"ಒಂದ್ ಗಳಿಗಿ ಬಾಯಿ ಮುಚ್ಚಿಕೊಂಡಿದ್ರ ಖೋಲಿ ನಂದೇ ಆಗ್ತಿತ್ರಿ. ನಳದ ಹಂತ್ಯಾಕ ಹೋಗಿ ಮುಖ ತೊಳಕೊಂಡೆ. ಮತ್ತೊಮ್ಮಿ ತೊಳಕೊಂಡೆ," ಎಂದು ಆ ಬೆಳಗನ್ನು ನೆನೆಯುತ್ತಾರೆ. ಆರ್ಡರ್ ಹೋಗುತ್ತದೆಂಬ ಸಂಕಟ ಒಂದು ಕಡೆ. ದೇವರಿಗೆ ಹಚ್ಚಿದ ಕಡ್ಡಿಯ ಮಾತು ತಮ್ಮ ಬಾಯಿಂದ ಬಂದರೆ ಹೇಗೆ ಕೇಳಿಸುತ್ತದೋ ಎಂಬ ಅಂಜಿಕೆ ಇನ್ನೊಂದು ಕಡೆ. ಹೊಸ ಚಾರ್ಜರೂ ನಾಲ್ಕು ದಿನಕ್ಕೆ ಅದೇ ಬೂದಿಯಲ್ಲಿ ಕೂತು ಹುಣ್ಣಿಮೆಯ ದಿನವೇ ಕೈಕೊಟ್ಟರೆ ಬಡವರ ಕೆಲಸ ಹೋಗುತ್ತದಲ್ಲ ಎನ್ನಿಸಿ ಹೇಳಿಯೇಬಿಟ್ಟರು.

ಹಣೆಗೆ ವಿಭೂತಿ ಇಲ್ಲದೆ ಸ್ಟೇರಿಂಗ್ ಮುಟ್ಟದ ಮಲ್ಲಣ್ಣ ಕೆಂಡವಾದರು. "ಹನ್ನೊಂದು ವರ್ಷ ಇದರಾಗೇ ಹಚ್ಚೇನಿ. ದೇವರಿಗಿ ಹಚ್ಚಿದ್ದು ಕೆಡಕ ಮಾಡ್ತದಂತ ನಿನಗ ಯಾರ್ ಹೇಳ್ಯಾರಬೇ?" ಎಂದರು.

ಪಂಚಶೀಲಾ ದೇವರ ಮಾತಿಗೆ ಹೋಗಲಿಲ್ಲ. ತೂತನ್ನು ಒಣ ಬ್ರಷ್ಷಿನಿಂದ ಉಜ್ಜಿ, ಫ್ಯೂಸ್ ಕೂಡಿಸಿ, ಮಲ್ಲಣ್ಣನವರ ಹಳೆಯ ಚಾರ್ಜರನ್ನೇ ಹಚ್ಚಿ, ಅಂಕಿಯನ್ನು ಅವರ ಬಾಯಿಂದಲೇ ಓದಿಸಿದರು. ಹದಿನೇಳು. "ಕಡ್ಡಿ ಹಚ್ಚಬ್ಯಾಡ್ರಿ ಅನ್ನಂಗಿಲ್ರಿ ಕಾಕಾ. ಜಾಗಾ ಅಷ್ಟ ಬದಲಿ ಮಾಡ್ರಿ," ಎಂದರಂತೆ. ಮಲ್ಲಣ್ಣ ಗಾಡಿ ತೆಗೆದುಕೊಂಡು ಹೋದರು. ಎರಡು ದಿನ ಬೇವಿನ ಮರದ ಕಡೆಗೆ ತಲೆ ಹಾಕಲಿಲ್ಲ.

ಆ ಎರಡು ದಿನದಲ್ಲಿ ಪಂಚಶೀಲಾ ಬಾಟಲಿಯ ಮುಚ್ಚಳಗಳಿಗೆ ಜೇಡಿಮಣ್ಣು ತುಂಬಿ ಒಣಗಿಸಿ ಹದಿಮೂರು ಊದಿನಕಡ್ಡಿ ಸ್ಟ್ಯಾಂಡು ಮಾಡಿ ಫೋಟೊಗಳ ಮುಂದೆ ಅಂಟಿಸಿ ಕೊಟ್ಟರು. ಮಲ್ಲಣ್ಣನವರದನ್ನು ಮಾತ್ರ ಅಂಟಿಸದೆ ಅವರ ಸೀಟಿನ ಮೇಲಿಟ್ಟು ಬಂದರು. ಊದಿನಕಡ್ಡಿಯ ಗೊಡವೆಯೇ ಇಲ್ಲದ ಮುಸ್ತಕೀಮನ ಗಾಡಿಯಲ್ಲಿ ತೂತು ಕನ್ನಡಿಯಂತಿತ್ತು, ಆದರೆ ಕೇಬಲ್ಲು ಹಳತಾಗಿ ಒಳಗೇ ಹರಿದಿತ್ತು. ಅವನೂ ಸೇರಿ ಐವರಿಗೆ ನೂರೈವತ್ತು ರೂಪಾಯಿಯ ದಪ್ಪ ಕೇಬಲ್ಲೇ ಸಾಕಾಯಿತು. ಕೊನೆಗೆ ಹೊಸ ಚಾರ್ಜರ್ ಬೇಕಾದದ್ದು ನಾಲ್ವರಿಗೆ ಮಾತ್ರ. ಇಪ್ಪತ್ತೆರಡರ ಆರ್ಡರು ನಾಲ್ಕಕ್ಕೆ ಇಳಿಯಿತು. ಅಣ್ಣಾರಾಯರು ಪಾಪ ಒಂದು ವಾರ ಕಾದು, ಖೋಲಿಯನ್ನು ಕಬ್ಬಿನ ಹಾಲು ಮಾರುವವರಿಗೆ ಕೊಟ್ಟರು. ಪಂಚಶೀಲಾ ಅವರಿಗೆ ಅಂದು ಊಟ ಸೇರಲಿಲ್ಲ. ಅದನ್ನು ಅವರು ಮುಚ್ಚಿಡುವುದೂ ಇಲ್ಲ.

ಹುಣ್ಣಿಮೆಯ ದಿನ ಬೆಳಗಿನಿಂದ ಸಂಜೆಯವರೆಗೆ ಇಪ್ಪತ್ತೆರಡು ಗಾಡಿಗಳಲ್ಲಿ ಒಂದೂ ನಕ್ಷೆಯಿಂದ ಮರೆಯಾಗಲಿಲ್ಲ. ಟ್ರಾವೆಲ್ಸಿನವರು ಮುಂದಿನ ಹುಣ್ಣಿಮೆಗೂ ಇವೇ ಗಾಡಿಗಳೆಂದು ತಿಳಿಸಿದರು. ಮರುದಿನ ಮಲ್ಲಣ್ಣ ಬಂದು ಪೆಟ್ಟಿಗೆಯ ಮೇಲೆ ಸಾವಿರದ ನೂರು ರೂಪಾಯಿ ಇಟ್ಟರು. ಗಾಡಿಗೆ ಐವತ್ತರಂತೆ ಎತ್ತಿದ ವಂತಿಗೆ ಅದು. ಮಾರಿದ ಸಾಮಾನಿನದು ಆಗಲೇ ಬಂದಿದೆ, ಇದು ಯಾತರ ರೊಕ್ಕ ಎಂದು ಪಂಚಶೀಲಾ ಕೈ ಹಿಂದಕ್ಕೆ ತೆಗೆದುಕೊಂಡರು.

"ಡಾಕ್ಟರ ಗುಳಿಗಿ ಬರದ ಕೊಡಲಿಲ್ಲಂದ್ರ ಫೀಸ ಬಿಡ್ತಾನೇನು?" ಎಂದರು ಮಲ್ಲಣ್ಣ. "ನೋಡಿದ್ದಕ್ಕ ತಗೋ ತಂಗಿ. ನೀ ಬಾಯಿ ಬಿಟ್ಟ ಹೇಳಿದ್ದಕ್ಕ ತಗೋ."

ಮಾತು ಅಲ್ಲಿಗೇ ನಿಲ್ಲಲಿಲ್ಲ. ಆಳಂದದ ಜೀಪು ಸ್ಟ್ಯಾಂಡಿನ ದೌಲತರಾಯರಿಗೆ ಮಲ್ಲಣ್ಣ ತಾವೇ ಫೋನು ಹಚ್ಚಿ, ತಪಾಸಣೆಗೆ ಗಾಡಿಗೆ ಐವತ್ತು, ಹೋಗಿಬರುವ ಖರ್ಚು ಬೇರೆ ಎಂದು ದರವನ್ನೂ ಗೊತ್ತುಮಾಡಿದ್ದಾರೆ. ಬರುವ ಭಾನುವಾರ ಅಲ್ಲಿ ಹದಿನಾಲ್ಕು ಗಾಡಿ ಕಾದಿರುತ್ತವೆ. ಜೇವರ್ಗಿಯವರೂ ಕೇಳಿದ್ದಾರಂತೆ. ಪಂಚಶೀಲಾ ಹೊಸ ಬ್ರಷ್ಷು ಕೊಂಡಿದ್ದಾರೆ, ಫ್ಯೂಸ್ ಕೀಳಲು ಸಣ್ಣ ಇಕ್ಕಳವನ್ನೂ.

ಆಳಂದಕ್ಕೆ ಎಷ್ಟು ಚಾರ್ಜರ್ ಒಯ್ಯಬೇಕೆಂದು ಮನೆಯಲ್ಲಿ ಚರ್ಚೆ ನಡೆದಿದೆ. ಇಪ್ಪತ್ತಾದರೂ ಇರಲಿ ಎಂಬುದು ಧಮ್ಮಪಾಲರ ವಾದ. ಪಂಚಶೀಲಾ ಚೀಲಕ್ಕೆ ಮೂರೇ ಹಾಕಿದ್ದಾರೆ.

"ಮೂರೂ ಹಂಗೇ ಹೊಳ್ಳಿ ಬರ್ಲಿ ಅಂತ ನನ್ನ ಆಸೆರಿ," ಎನ್ನುತ್ತಾರೆ. "ಒಂದೂ ಮಾರದೇ ದುಡಕೊಂಡ ಬಂದೆ ಅಂತ ಒಮ್ಮ್ಯಾರೆ ಮನ್ಯಾಗ ಹೇಳಬೇಕ್ರಿ."