ಗುರಾಣಿ ಹಿಡಿದ ಹೆಡ್‌ಮಾಸ್ತರರು

ವಿರೂಪಾಕ್ಷಪ್ಪ ಮಾಸ್ತರರು ಛಡಿ ಎತ್ತಿದರೆ ಅದು ಯಾವಾಗ ಇಳಿಯುತ್ತದೆಂದು ಯಾರಿಗೂ ತಿಳಿಯುತ್ತಿರಲಿಲ್ಲ. ಬೇರೆ ಮಾಸ್ತರರು ಎತ್ತುತ್ತಿದ್ದರು, ಹೊಡೆಯುತ್ತಿದ್ದರು, ಕೆಲಸ ಮುಗಿಯುತ್ತಿತ್ತು. ಇವರ ಕೈ ಕಿವಿಯ ಮಟ್ಟಕ್ಕೆ ಹೋಗಿ ಅಲ್ಲೇ ನಿಂತುಬಿಡುತ್ತಿತ್ತು. ಹಾಗೆ ನಿಂತುಕೊಂಡೇ ಮನೆಯ ಯೋಗಕ್ಷೇಮ ವಿಚಾರಿಸುತ್ತಿದ್ದರು. "ನಿಮ್ಮಪ್ಪ ಆರಾಮ ಅದಾನೇನಲೇ? ಎಮ್ಮಿ ಕರಾ ಹಾಕ್ತೇನು?" ನಾವು "ಹೂನ್ರಿ" ಎಂದು ಬಾಯಿ ತೆರೆಯುವುದಕ್ಕೂ ಛಡಿ ಅಂಗೈಗೆ ಬೀಳುವುದಕ್ಕೂ ಸರಿಹೋಗುತ್ತಿತ್ತು. ಹೊಡೆದ ಮೇಲೆ ಕರೀ ಕೋಟಿನ ಜೇಬಿನಿಂದ ನಾಲ್ಕು ಪುಟಾಣಿ ಕಾಳು ತೆಗೆದು ಅದೇ ಅಂಗೈಗೆ ಹಾಕುತ್ತಿದ್ದರು. ಪುಟಾಣಿಗೆ ಸುಣ್ಣದ ಕಡ್ಡಿಯ ಪುಡಿ ಮೆತ್ತಿರುತ್ತಿತ್ತು. ನಾವು ಊದಿ ತಿನ್ನುತ್ತಿದ್ದೆವು.

ನವಲಗುಂದದ ನಮ್ಮ ಹೈಸ್ಕೂಲಿಗೆ ಅವರು ಹೆಡ್‌ಮಾಸ್ತರರು, ಎಂಟರಿಂದ ಹತ್ತನೆಯ ವರ್ಗದ ತನಕ ಗಣಿತದ ಮಾಸ್ತರರು ಕೂಡ. ಅವರ ಪುಟಾಣಿಯನ್ನು ಅತಿ ಹೆಚ್ಚು ತಿಂದವನು ನಾನು. ಲೆಕ್ಕ ನನಗೆ ಹತ್ತಲಿಲ್ಲ, ಆದರೆ ಒಂದು ವಿದ್ಯೆ ಹತ್ತಿತು. ಛಡಿ ಬೀಳುವ ಗಳಿಗೆಗೆ ಸರಿಯಾಗಿ ಅಂಗೈಯನ್ನು ಎರಡು ಬೆರಳಿನಷ್ಟು ಕೆಳಗೆ ಇಳಿಸಿದರೆ ಪೆಟ್ಟು ಅರ್ಧ ಗಾಳಿಗೆ ಹೋಗುತ್ತದೆ. ಚೂರು ಮುಂಚೆ ಇಳಿಸಿದರೆ ಮಾಸ್ತರರಿಗೆ ಗೊತ್ತಾಗಿ ಎರಡನೆಯದು ಬೀಳುತ್ತಿತ್ತು. ಚೂರು ತಡವಾದರೆ ಸಂಜೆಯ ತನಕ ಉರಿ. ಆ ಗಳಿಗೆ ಯಾವುದೆಂದು ತಿಳಿಯಲು ನಾನು ಛಡಿಯನ್ನು ನೋಡುತ್ತಲೇ ಇರಲಿಲ್ಲ. ಹೊಡೆಯುವ ಮುನ್ನ ಮಾಸ್ತರರ ಎಡಗಾಲಿನ ಹಿಮ್ಮಡಿ ಚಪ್ಪಲಿಯಿಂದ ಒಂದಿಷ್ಟು ಮೇಲೇಳುತ್ತಿತ್ತು. ಇದನ್ನು ಕಂಡುಹಿಡಿಯಲು ನನಗೆ ಎರಡು ವರ್ಷ ಹಿಡಿದಿತ್ತು, ಹಾಗಾಗಿ ಯಾರಿಗೂ ಹೇಳಿರಲಿಲ್ಲ.

ಎಂಬತ್ತರ ದಶಕ ಮುಗಿಯುತ್ತ ಬಂದಿತ್ತು, ನಾವು ಹತ್ತನೆಯ ವರ್ಗದಲ್ಲಿದ್ದೆವು. ದೀಪಾವಳಿ ಕಳೆದ ಮೇಲೆ, ಬಸ್‌ಸ್ಟ್ಯಾಂಡಿನ ಹಿಂದಿನ ಓಣಿಯಲ್ಲಿ ಸೈಕಲ್ ಬಾಡಿಗೆಗೆ ಕೊಡುತ್ತಿದ್ದ ದಾವಲಸಾಬ ಕಾಕಾ ಹುಬ್ಬಳ್ಳಿಯಿಂದ ಒಂದು ವಿಡಿಯೋ ಗೇಮಿನ ಡಬ್ಬಿ ತಂದ. ಕಪಾಟಿನಷ್ಟು ಎತ್ತರ, ಎದುರಿಗೆ ಗಾಜು, ಕೆಳಗೆ ಒಂದು ಹಿಡಿಕೆ, ಎರಡು ಗುಂಡಿ. ಕೆಂಪು ಒತ್ತಿದರೆ ನಮ್ಮ ಸಿಪಾಯಿ ಕತ್ತಿ ಬೀಸುತ್ತಿದ್ದ, ಹಸಿರು ಒತ್ತಿದರೆ ಗುರಾಣಿ ಎತ್ತುತ್ತಿದ್ದ. ನಾವು ಗುರಾಣಿಗೆ ಢಾಲು ಅನ್ನುತ್ತಿದ್ದೆವು. ಎತ್ತಿದ ಢಾಲು ಕಣ್ಣು ಮಿಟುಕಿಸುವಷ್ಟರಲ್ಲಿ ಇಳಿದುಹೋಗುತ್ತಿತ್ತು. ವೈರಿಯ ಕತ್ತಿ ಬೀಳುವ ಗಳಿಗೆಗೇ ಎತ್ತಿದರೆ ಕತ್ತಿ ಸಿಡಿದು, ಆತ ಜೋಲಿ ಹೊಡೆದು ನಿಲ್ಲುತ್ತಿದ್ದ. ಆಗ ಕೆಂಪು ಒತ್ತಿ ಕೆಡವಬೇಕು. ಸಣ್ಣಪುಟ್ಟವರೆಲ್ಲ ಬಿದ್ದ ಮೇಲೆ ಕೊನೆಗೆ ಕರೀ ಸಿಪಾಯಿ ಬರುತ್ತಿದ್ದ. ಅವನು ಕತ್ತಿ ಎತ್ತುತ್ತಿದ್ದ, ಎತ್ತಿ ಸುಮ್ಮನೆ ನಿಲ್ಲುತ್ತಿದ್ದ. ಈಗ ಹೊಡೆದಾನು ಎಂದು ಎಲ್ಲರೂ ಅವಸರದಿಂದ ಢಾಲು ಎತ್ತುತ್ತಿದ್ದರು, ಅದು ಇಳಿದ ಮೇಲೆ ಆತ ನಿಧಾನವಾಗಿ ತಲೆ ಹಾರಿಸುತ್ತಿದ್ದ. ನನಗೆ ಮಾತ್ರ ಅವನನ್ನು ಎಲ್ಲೋ ನೋಡಿದ ಹಾಗಿತ್ತು. ಕಾಲು ನೋಡಿದೆ. ಹಿಮ್ಮಡಿ ಎದ್ದಿತು. ಮೂರನೆಯ ಆಟಕ್ಕೇ ಅವನನ್ನು ಮಲಗಿಸಿದೆ. ಬಸ್‌ಸ್ಟ್ಯಾಂಡಿನಲ್ಲಿ ನನಗೆ ಒಂದು ಹೆಸರು ಬಂತು.

ಮಧ್ಯಾಹ್ನದ ಗಣಿತದ ಪಿರಿಯಡ್ಡಿಗೆ ನಾವು ಹನ್ನೆರಡು ಮಂದಿ ಹೋಗುವುದನ್ನೇ ಬಿಟ್ಟೆವು. ಒಂದು ದಿನ ಮಾಸ್ತರರು ತಾವೇ ಅಂಗಡಿಗೆ ಬಂದರು. ನಾವು ಸೈಕಲ್ಲುಗಳ ಹಿಂದೆ ಕುಕ್ಕರಗಾಲಿನಲ್ಲಿ ಕೂತೆವು. ಅವರು ನಮ್ಮ ಕಡೆ ನೋಡಲಿಲ್ಲ.

"ದಾವಲಸಾಬ, ಬರೂ ಬ್ಯಾಸಿಗಿಗೆ ನಾ ರಿಟೈರ್. ಇದು ನನ್ನ ಕಡೀ ವರ್ಗ. ಮಧ್ಯಾಹ್ನ ಖಾಲಿ ಬೆಂಚಿಗೆ ಪಾಠಾ ಹೇಳಾಕತ್ತೀನಿ. ಶಾಲಿ ಹೊತ್ತಿನ್ಯಾಗ ಬಾಗಲಾ ಹಾಕು."

ಕಾಕಾ ನಕ್ಕ. "ಅಲ್ರೀ ಸರ್, ನಾ ಏನ್ ಕರಿಯಾಕ ಹೋಗತೀನೇನ್ರಿ? ಅವರ ಬರತಾರ. ನೀವೂ ಒಮ್ಮೆ ಆಡಿ ನೋಡ್ರಿ. ಆ ಕರೀ ಸಿಪಾಯಿನ್ನ ಕೆಡವ್ರಿ, ಮರುದಿನದಿಂದ ಶಾಲಿ ಬಿಡೂತನಕಾ ಬಾಗಲಾ ತಗಿಯೂದಿಲ್ಲ."

ಇಷ್ಟು ಅಂದರೆ ದೊಡ್ಡ ಮನುಷ್ಯರು ತಿರುಗಿ ಹೋದಾರು ಎಂದು ಆತ ತಿಳಿದಿದ್ದ. ಮಾಸ್ತರರು ಟೋಪಿ ತೆಗೆದು ಸೈಕಲ್ಲಿನ ಸೀಟಿನ ಮೇಲಿಟ್ಟು, ಧೋತರದ ಚುಂಗು ಸಿಕ್ಕಿಸಿ, ಡಬ್ಬಿಯ ಮುಂದೆ ನಿಂತರು. ಮೊದಲನೆಯ ಬಡಕಲು ಸಿಪಾಯಿಯೇ ಅವರ ತಲೆ ತೆಗೆದ.

"ಇಂವೇನಲೇ, ಹೇಳದ ಕೇಳದ ಹೊಡಿತಾನ," ಎಂದರು. ಆಮೇಲೆ ಟೋಪಿ ಹಾಕಿಕೊಂಡು, "ಎಂಟು ದಿನಾ ವ್ಯಾಳ್ಯಾ ಕೊಡು," ಎಂದು ಕಾಕಾನಿಗೆ ಹೇಳಿ ಹೋದರು.

ಮರುದಿನ ನನ್ನನ್ನು ಆಫೀಸಿಗೆ ಕರೆಸಿದರು. ನಾನು ಅಂಗೈ ಉಜ್ಜಿಕೊಂಡೇ ಹೋದೆ. ಅವರು ಬಾಗಿಲು ಮುಂದೆ ಮಾಡಿ, ದನಿ ತಗ್ಗಿಸಿದರು. "ಈರ್ಯಾ, ಆ ಕರ್ಯಾನ್ನ ಕೆಡವಾಂವ ಊರಾಗ ನೀ ಒಬ್ಬನ ಅಂತಲ್ಲ. ನನಗ ಕಲಸು."

ನನಗೆ ಪೀಕಲಾಟಕ್ಕಿಟ್ಟುಕೊಂಡಿತು. ಸರಿಯಾಗಿ ಕಲಿಸಿದರೆ ನನ್ನ ಮಧ್ಯಾಹ್ನದ ದೌಲತ್ತೆಲ್ಲ ಮುಳುಗಿದಂತೆ. ಹಾಗಾಗಿ ಸುಳ್ಳು ಕಲಿಸಿದೆ. "ಅಂವಾ ಕತ್ತಿ ಎತ್ತಿದ ಕೂಡಲೇ ಢಾಲು ಎತ್ತ್ರಿ ಸರ್." ಅವರು ಅದನ್ನು ಡೈರಿಯಲ್ಲಿ ಬರೆದುಕೊಂಡರು. ಶಾಲೆ ಬಿಟ್ಟ ಮೇಲೆ ಹೋಗಿ ಆಡಿದರು, ಸತ್ತರು. ಮರುದಿನವೂ ಸತ್ತರು. ಮೂರನೆಯ ದಿನ ನನ್ನನ್ನು ಕರೆದು, "ನನ್ನ ಕೈಯಾಗಿಂದ ತಪ್ಪಲೇ ಇದು. ನೀ ಚಲೋ ಹೇಳಿಕೊಡ್ತಿ, ನನಗ ಹತ್ತವಲ್ದು," ಎಂದರು. ಮೂರು ವರ್ಷ ನಾನು ಅವರಿಗೆ ಹೇಳಬೇಕಾಗಿದ್ದ ಮಾತನ್ನು ಅವರು ನನಗೆ ಹೇಳುತ್ತಿದ್ದರು. ನನಗೆ ನಿಜವಾಗಿಯೂ ನಾಚಿಕೆಯಾಯಿತು.

"ಸರ್, ಸಿಟ್ಟಾಗಬ್ಯಾಡ್ರಿ. ಅಂವಾ ನಿಮ್ಮಂಗ ರೀ," ಎಂದೆ. "ಎತ್ತತಾನ, ಹೊಡಿಯೂದಿಲ್ಲ."

ಅವರಿಗೆ ಅರ್ಥವಾಗಲಿಲ್ಲ. ಬಾಯಿಂದ ಹೇಳಿದರೆ ತಿಳಿಯುವಂಥದ್ದೂ ಅದಲ್ಲ. ಅವರೇ ಮೂಲೆಯಲ್ಲಿದ್ದ ಛಡಿಯನ್ನು ನನ್ನ ಕೈಗೆ ಕೊಟ್ಟು, ತಮ್ಮ ಅಂಗೈ ಮುಂದೆ ಮಾಡಿದರು.

"ಒಲ್ಲೆರಿ ಸರ್."

"ಹಿಡಿಲೇ. ಕಲಸಾಂವ ನೀ, ಕಲಿಯಾಂವ ನಾ."

ಛಡಿ ಎತ್ತಿದೆ. ಅವರು ಕೈ ಹಿಂದೆಳೆದರು, ಮತ್ತೆ ಚಾಚಿದರು, ಮತ್ತೆ ಎಳೆದರು. ನಾನು ಎತ್ತಿದ ಕೈ ಹಾಗೇ ಇಟ್ಟುಕೊಂಡು, "ಮನ್ಯಾಗ ಅಕ್ಕಾರು ಆರಾಮ ಅದಾರೇನ್ರಿ ಸರ್?" ಎಂದು ಕೇಳಿದೆ. "ಹೂನ" ಎಂದು ಅವರು ಅನ್ನುವಷ್ಟರಲ್ಲಿ ಛಡಿ ಬಿತ್ತು. ನಾನು ಅಂದುಕೊಂಡದ್ದಕ್ಕಿಂತ ಜೋರಾಗಿಯೇ ಬಿತ್ತು.

ಮಾಸ್ತರರು ಬಹಳ ಹೊತ್ತು ಅಂಗೈ ನೋಡಿಕೊಂಡರು. "ಇಷ್ಟು ಉರೀತೈತೇನಲೇ?"

"ಥಂಡ್ಯಾಗ ಇನ್ನೂ ಹೆಚ್ಚ್ರಿ ಸರ್."

ಆಮೇಲೆ ನಾನು ಹಿಮ್ಮಡಿಯ ಗುಟ್ಟನ್ನೂ ಬಿಟ್ಟುಕೊಟ್ಟೆ. ಛಡಿ ನೋಡಬ್ಯಾಡ್ರಿ, ಕತ್ತಿ ನೋಡಬ್ಯಾಡ್ರಿ, ಕಾಲು ನೋಡ್ರಿ ಎಂದೆ. ಅವರು ತಮ್ಮ ಎಡಗಾಲನ್ನು ಬೇರೆಯವರ ಕಾಲಿನಂತೆ ನೋಡಿಕೊಂಡರು. "ಮೂವತ್ತು ವರ್ಷದಾಗ ಯಾರೂ ನನಗ ಹೇಳಲಿಲ್ಲಲ್ಲೋ."

"ಹೇಳಿದ್ರ ನೀವು ಹಿಮ್ಮಡಿ ಎತ್ತೂದ ಬಿಡತಿದ್ರಿ. ಆಮ್ಯಾಲ ನಮ್ಮ ಗತಿ ಏನ್ರಿ?"

ಮಾಸ್ತರರು ಕಣ್ಣಲ್ಲಿ ನೀರು ಬರುವ ಹಾಗೆ ನಕ್ಕರು. ಪೆಟ್ಟು ಅವರು ತಿಂದರೂ ಪುಟಾಣಿ ನನಗೇ ಕೊಟ್ಟರು.

ಎಂಟನೆಯ ದಿನ ಸಂಜೆ ಅಂಗಡಿಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಅಣ್ಣಿಗೇರಿ ಬಸ್ಸಿನ ಕಂಡಕ್ಟರ್ ಕೂಡ ಬಸ್ಸು ಬಿಡುವುದನ್ನು ಮರೆತು ಬಂದು ನಿಂತಿದ್ದ. ಮಾಸ್ತರರು ಸಣ್ಣವರನ್ನೆಲ್ಲ ಸಾವಕಾಶ ಮಲಗಿಸಿದರು. ಕರೀ ಸಿಪಾಯಿ ಬಂದು ಕತ್ತಿ ಎತ್ತಿ ನಿಂತ. ಮಾಸ್ತರರು ಗಾಜಿನ ಕೆಳತುದಿಗೆ ಬಗ್ಗಿ ಕಾಲನ್ನೇ ನೋಡುತ್ತಿದ್ದರು. ಹಿಮ್ಮಡಿ ಎದ್ದಿತು, ಹಸಿರು ಒತ್ತಿದರು, ಕತ್ತಿ ಸಿಡಿಯಿತು. ಕರಿಯ ಜೋಲಿ ಹೊಡೆದು ನಿಂತ. ಇನ್ನು ಒಂದೇ ಏಟು.

ಆ ಏಟು ಬೀಳಲಿಲ್ಲ. ಕರಿಯ ಸಾವರಿಸಿಕೊಂಡು, ತಿರುಗಿ ಬಂದು ಮಾಸ್ತರರ ಸಿಪಾಯಿಯನ್ನು ಕಡಿದು ಹಾಕಿದ. ಮಾಸ್ತರರು ಕೋಟು ಝಾಡಿಸಿಕೊಂಡು, "ನೀ ಗೆದ್ದಿ ದಾವಲಸಾಬ," ಎಂದಷ್ಟೇ ಹೇಳಿ ಹೊರಟುಹೋದರು. ಮತ್ತೆಂದೂ ಆ ಓಣಿಗೆ ಕಾಲಿಡಲಿಲ್ಲ.

ಮರುದಿನ ಮಧ್ಯಾಹ್ನ ಅವರು ವರ್ಗಕ್ಕೆ ಬಂದಾಗ ಹನ್ನೆರಡೂ ಮಂದಿ ಬೆಂಚಿನಲ್ಲಿದ್ದೆವು. ಅವರು ಬಾಗಿಲಲ್ಲೇ ನಿಂತರು. ಒಳಗೆ ಬಂದು, ಕಪ್ಪು ಹಲಗೆಯ ಕಡೆ ಮುಖ ಮಾಡಿ, ಬೇಕಿಲ್ಲದಿದ್ದರೂ ಅದನ್ನು ಎರಡೆರಡು ಸಲ ಒರೆಸಿದರು. "ಎಲ್ಲಿಗೆ ಬಂದಿದ್ವಿ?" ಎಂದು ಕೇಳಿ ಪಾಠ ಶುರುಮಾಡಿದರು. ಆ ವರ್ಷವೆಲ್ಲ ಛಡಿ ಆಫೀಸಿನಿಂದ ಹೊರಗೆ ಬರಲಿಲ್ಲ. ನಾವೆಲ್ಲ ಪಾಸಾದೆವು. ಗಣಿತದಲ್ಲಿ ನಾನು ದಡ ಮುಟ್ಟಿದ್ದು ಕೂದಲೆಳೆಯಲ್ಲಿ.

ಕರಿಯನನ್ನು ಅವರು ಯಾಕೆ ಹೊಡೆಯಲಿಲ್ಲ ಎಂಬುದಕ್ಕೆ ನನ್ನದೇ ಒಂದು ಕಥೆ ಇತ್ತು. ನನ್ನ ಕೈಯ ಪೆಟ್ಟು ತಿಂದ ಮೇಲೆ ಗಾಜಿನೊಳಗಿನ ಸಿಪಾಯಿಯನ್ನೂ ಹೊಡೆಯಲು ಅವರಿಗೆ ಮನಸ್ಸಾಗಲಿಲ್ಲ ಎಂದು. ಅದನ್ನು ಎಷ್ಟೋ ವರ್ಷ ಕಂಡಕಂಡವರಿಗೆಲ್ಲ ಹೇಳುತ್ತ ಬಂದೆ. ಅಣ್ಣಿಗೇರಿಯಲ್ಲಿ ಮಗಳ ಮನೆಯಲ್ಲಿದ್ದ ಅವರನ್ನು ಕೊನೆಯ ಸಲ ಕಂಡಾಗ ಅವರಿಗೂ ಹೇಳಿದೆ. ಹೊರಸಿನ ಮೇಲೆ ದಿಂಬಿಗೆ ಒರಗಿ ಕೂತಿದ್ದರು, ಬಹಳ ಸೊರಗಿದ್ದರು. ಕೇಳಿ ನಕ್ಕುಬಿಟ್ಟರು.

"ಎಲ್ಲೀ ಕರುಣಾಲೇ. ಕೆಂಪು ಒತ್ತೂದು ಬಿಟ್ಟು ಮತ್ತ ಹಸರ ಒತ್ತಿದೆ."

ದಿಂಬು ಸರಿಮಾಡಿಕೊಂಡು ಅವರೇ ಮುಂದುವರಿಸಿದರು. "ಆದ್ರ ಸೋತದ್ದ ಚಲೋ ಆತು ನೋಡು. ಗೆದ್ದಿದ್ರ, ಅಂಗಡಿ ಮುಚ್ಚಿದ್ದಕ್ಕ ಹುಡುಗೂರು ಬಂದಾವ ಅಂತಿದ್ದೆ. ಅಂಗಡಿ ತೆರದಿತ್ತು, ಆದರೂ ನೀವು ನಿಮ್ಮಷ್ಟಕ್ಕ ನೀವು ಬಂದು ಕುಂತಿದ್ರಿ. ಅವತ್ತೊಂದಿನಾ ನಾ ಮಾಸ್ತರ ಆಗಿದ್ದು ಖರೇ ಅನಸ್ತು."

ಅವರು ಸೋತ ಮರುದಿನ ಮಧ್ಯಾಹ್ನ ನಾವು ಹನ್ನೆರಡು ಮಂದಿ ಮೊದಲು ನೆಟ್ಟಗೆ ಹೋದದ್ದು ಅಂಗಡಿಗೇ. ಬಾಗಿಲಿಗೆ ಬೀಗ ಬಿದ್ದಿತ್ತು. ಕಾಕಾ ಕಟ್ಟೆಯ ಮೇಲೆ ಕೂತಿದ್ದ. "ಅಂಥಾ ಮನಿಷಾ ನನ್ನ ಡಬ್ಬಿ ಮುಂದ ಸೋತು ಹ್ವಾದರು. ನನಗ ರೊಟ್ಟಿ ಸೇರವಲ್ದು. ನಡ್ರಿ ಶಾಲಿಗೆ. ಶಾಲಿ ಹೊತ್ತಿನ್ಯಾಗ ಬಾಗಲಾ ಹಾಕೀನಿ ಅಂತ ಅವರ ಮುಂದ ಯಾರರ ಬಾಯಿ ಬಿಟ್ಟೀರಿ ಮತ್ತ," ಎಂದು ನಮ್ಮನ್ನು ಅಲ್ಲಿಂದ ಅಟ್ಟಿದ್ದ.

ಮಾಸ್ತರರು ನನ್ನ ಮುಖವನ್ನೇ ನೋಡುತ್ತಿದ್ದರು. "ಹೌದ್ರಿ ಸರ್," ಎಂದೆ. "ನಾವ ಬಂದಿದ್ವಿ."

ಎರಡು ತಿಂಗಳಿಗೆ ಮಾಸ್ತರರು ತೀರಿಕೊಂಡರು. ಸುದ್ದಿ ಹೇಳಲು ನಮ್ಮ ಮನೆಗೆ ಬಂದವನು ದಾವಲಸಾಬ ಕಾಕಾನೇ. ಒಳಗೆ ಬಾ ಎಂದರೂ ಬರಲಿಲ್ಲ, ಹೊಸ್ತಿಲಲ್ಲೇ ನಿಂತು ಕೇಳಿದ.

"ಅವರ ಮುಂದ ಹೇಳಲಿಲ್ಲಲ್ಲ ನೀ?"

"ಇಲ್ಲ ಕಾಕಾ," ಎಂದೆ.